ಲೂಸಿ ವಾಕರ್ ಅವರ ‘ವೇಸ್ಟ್ ಲ್ಯಾಂಡ್’: ಕಸದ ಗುಡ್ಡದ ಮೇಲೆ ಕಲೆ ಮಾಡಿದ್ರಿಂದ ಯಾರಿಗೆ ಏನು ಸಿಕ್ತು?

ನೇಸರನೋಟ

ಲೂಸಿ ವಾಕರ್ ಅವರ ‘ವೇಸ್ಟ್ ಲ್ಯಾಂಡ್’ ಮತ್ತೆ ನೋಡಿದೆ, ಇಷ್ಟು ವರ್ಷ ಆದ್ಮೇಲೂ ಆ ಡಾಕ್ಯುಮೆಂಟರಿ ನನ್ನನ್ನ ಬಿಡ್ತಿಲ್ಲ, ಅದಕ್ಕೇ ಈ ಥ್ರೆಡ್. ನೋಡದೇ ಇರೋರಿಗೆ ಚುಟುಕಾಗಿ ಹೇಳ್ತೀನಿ. 2010ರ ಚಿತ್ರ. ರಿಯೊ ಡಿ ಜನೈರೊ ಪಕ್ಕ ಗ್ವಾನಬಾರ ಕೊಲ್ಲಿ ದಂಡೆ ಮೇಲೆ ಜಾರ್ಡಿಮ್ ಗ್ರಮಾಶೊ ಅಂತ ಕಸದ ಗುಡ್ಡ, ಲ್ಯಾಟಿನ್ ಅಮೆರಿಕದಲ್ಲೇ ದೊಡ್ಡ ಡಂಪ್‌ಗಳಲ್ಲಿ ಒಂದು, ದಿನಕ್ಕೆ ಸಾವಿರಾರು ಟನ್ ಕಸ ಬಂದು ಬೀಳ್ತಿತ್ತು. ಅಲ್ಲಿ ಕಸ ಆಯೋರಿಗೆ ಕತಾದೋರ್ ಅಂತಾರೆ. ನ್ಯೂಯಾರ್ಕ್‌ನ ಬ್ರೂಕ್ಲಿನ್‌ನಲ್ಲಿ ನೆಲೆಸಿದ್ದ ವಿಕ್ ಮುನಿಸ್ ಅನ್ನೋ ಕಲಾವಿದ ಅಲ್ಲಿಗೆ ಹೋಗಿ, ಆ ಜನರ ಫೋಟೊ ತೆಗೆದು, ಅದನ್ನ ದೊಡ್ಡ ಗೋದಾಮಿನ ನೆಲದ ಮೇಲೆ ಪ್ರೊಜೆಕ್ಟ್ ಮಾಡಿ, ಅದೇ ಜನರ ಕೈಯಿಂದ ಅವರೇ ಆಯ್ದ ಸಾಮಾನು ಜೋಡಿಸಿ, ಮೇಲಿಂದ ಮತ್ತೆ ಫೋಟೊ ತೆಗೀತಾನೆ. ಆ ಫೋಟೊ ಗ್ಯಾಲರಿಗೆ, ಲಂಡನ್ ಹರಾಜಿಗೆ ಹೋಗುತ್ತೆ, ಮಾರಾಟ ಆಗುತ್ತೆ, ದುಡ್ಡು ಕತಾದೋರ್‌ಗಳ ಸಂಘಕ್ಕೆ ಬರುತ್ತೆ.

ಅಮೆರಿಕದ ಸನ್‌ಡಾನ್ಸ್ ಚಿತ್ರೋತ್ಸವದಲ್ಲಿ ಪ್ರೇಕ್ಷಕರ ಪ್ರಶಸ್ತಿ ಬಂತು, ಬರ್ಲಿನ್ ಚಿತ್ರೋತ್ಸವದಲ್ಲೂ ಬಂತು, ಆಸ್ಕರ್ ನಾಮಿನೇಷನ್ ಕೂಡ ಆಯ್ತು. ಹೊಗಳಿದೋರೆಲ್ಲ ‘ಕಲೆ ಬದುಕನ್ನ ಬದಲಾಯಿಸುತ್ತೆ’ ಅಂತ ಹೊಗಳಿದ್ರು. ಬೈದೋರು ‘ಬಡತನವನ್ನ ಶೋಕಿ ಮಾಡಿ ಮಾರಿದ್ರು’ ಅಂದ್ರು. ನನಗೆ ಎರಡೂ ಸಾಲಲ್ಲ. ನನ್ನ ಪ್ರಕಾರ ಈ ಚಿತ್ರದ ಜೀವ ಇರೋದು ಮಧ್ಯದಲ್ಲಿ ಬರೋ ಒಂದು ಜಗಳದಲ್ಲಿ. ವಿಕ್, ಅವನ ಹೆಂಡತಿ, ಸ್ಟುಡಿಯೊ ನೋಡ್ಕೊಳ್ಳೋ ಫಾಬಿಯೊ ಮಾತಾಡ್ತಾರೆ: ಈ ಜನರನ್ನ ಕೆಲವು ವಾರ ಡಂಪ್‌ನಿಂದ ಈಚೆ ಕರ್ಕೊಂಡು ಬಂದು, ಸ್ಟುಡಿಯೊ ತೋರಿಸಿ, ಬೇರೆ ಲೋಕ ತೋರಿಸಿ, ಆಮೇಲೆ ವಾಪಸ್ ಅಲ್ಲೇ ಬಿಟ್ರೆ ಅವರ ಮನಸ್ಸಿನ ಗತಿ ಏನು ಅಂತ. ಹೆಂಡತಿ ಇದು ಬೇಡ ಅನ್ನೋ ಧಾಟಿಯಲ್ಲೇ ಮಾತಾಡ್ತಾಳೆ. ಲೂಸಿ ಆ ಸೀನನ್ನ ಕತ್ತರಿಸಲಿಲ್ಲ. ಸಾಮಾನ್ಯವಾಗಿ ಇಂಥ ಚಿತ್ರಗಳಲ್ಲಿ ಆ ಮಾತು ಎಡಿಟಿಂಗ್ ರೂಮ್‌ನಲ್ಲೇ ಸತ್ತುಹೋಗುತ್ತೆ. ನಿಮಗೆಲ್ಲ ಏನನ್ಸುತ್ತೆ?

ಕುಂಚಗಿತ್ತಿ

ನಾನು ವಿಷುವಲ್ ಆರ್ಟ್ಸ್ ಓದ್ತಿರೋಳು, ನನ್ನ ತಕರಾರು ಅಲ್ಲೇ ಇರೋದು. ಆ ಸೀನ್ ಇದೆ ಸರಿ, ಆದ್ರೆ ಅದರಲ್ಲಿ ಯಾರು ಯಾರ ಬಗ್ಗೆ ಮಾತಾಡ್ತಿದಾರೆ ನೋಡಿ. ಕತಾದೋರ್‌ಗಳ ಮನಸ್ಸಿಗೆ ಏನಾಗುತ್ತೆ ಅಂತ ಮೂರು ಜನ ಮಾತಾಡ್ತಾರೆ, ಆ ಮೂವರಲ್ಲಿ ಒಬ್ಬರೂ ಕತಾದೋರ್ ಅಲ್ಲ. ಬರ್ತೀರಾ ಬಿಡ್ತೀರಾ, ಬಂದು ವಾಪಸ್ ಹೋಗೋದು ನಿಮಗೆ ಕಷ್ಟ ಆಗುತ್ತಾ ಅಂತ ಅವರನ್ನೇ ಕೂರಿಸಿ ಕೇಳಬಹುದಿತ್ತಲ್ವಾ?

ಇನ್ನೊಂದು, ಕೃತಿ ಯಾರದ್ದು? ನೆಲದ ಮೇಲೆ ಟೈರು, ಬಾಟಲ್ ಮುಚ್ಚಳ, ಟಾಯ್ಲೆಟ್ ಸೀಟು, ಚಪ್ಪಲಿ ಎಲ್ಲ ಜೋಡಿಸಿದ್ದು ಅವರು. ಮೇಲೆ ನಿಂತು ಅಲ್ಲಿಡು ಇಲ್ಲಿಡು ಅಂತ ತೋರಿಸಿದ್ದು ವಿಕ್. ಕೊನೆಗೆ ನೆಲದ ಮೇಲಿನ ಆ ಕಸವನ್ನೆಲ್ಲ ಗುಡಿಸಿ ತೆಗೀತಾರೆ, ಉಳಿಯೋದು ಫೋಟೊ ಮಾತ್ರ, ಅದಕ್ಕೆ ಸಹಿ ವಿಕ್ ಮುನಿಸ್ ಅಂತ. ಕೆಲಸಕ್ಕೆ ಕೂಲಿ ಕೊಟ್ಟಿದಾರೆ, ದುಡ್ಡೂ ಹೋಗಿದೆ ಸಂಘಕ್ಕೆ, ಅದನ್ನ ಅಲ್ಲಗಳೆಯಲ್ಲ. ಆದ್ರೆ ಕಲಾ ಮಾರುಕಟ್ಟೆಯಲ್ಲಿ ಬೆಲೆ ಬೆಳೆಯೋದು ಹೆಸರಿಗೆ, ಆ ಹೆಸರು ಇವರದ್ದಲ್ಲ.

ಶರಾವತಿ_ತೀರ

@ಕುಂಚಗಿತ್ತಿ ಸಹಿಯ ಮಾತು ಒಪ್ತೀನಿ, ಆದ್ರೆ ಚಿತ್ರಕ್ಕೂ ಕಲಾಕೃತಿಗೂ ವ್ಯತ್ಯಾಸ ಇದೆ, ಅದನ್ನ ಬೆರೆಸಬಾರದು. ನಾನು ಎಡಿಟಿಂಗ್ ಮಾಡೋನು, ಆ ಕಣ್ಣಿಂದ ಹೇಳ್ತೀನಿ. ವಿಕ್ ಮಾಡಿದ ಫೋಟೊ ಸರಣಿಯಲ್ಲಿ ಕತಾದೋರ್‌ಗಳು ಮಾತಾಡಲ್ಲ, ಅವು ಚಿತ್ರಪಟಗಳು. ಲೂಸಿ ಚಿತ್ರದಲ್ಲಿ ಅವರು ಮಾತಾಡ್ತಾರೆ. ವಯಸ್ಸಾದ ವಾಲ್ಟರ್ ಇದಾರಲ್ಲ, ಸಂಘದ ಉಪಾಧ್ಯಕ್ಷ, 99 ಅಂದ್ರೆ 100 ಅಲ್ಲ, ಒಂದೇ ಒಂದು ಡಬ್ಬಿ ಕೂಡ ಲೆಕ್ಕಕ್ಕೆ ಬರುತ್ತೆ ಅಂತ ಹೇಳ್ತಾರೆ, ಅವರ ಭಾವಚಿತ್ರ ಮಾಡೋ ಹೊತ್ತಿಗೆ ಅವರೇ ಉಳಿಯಲಿಲ್ಲ, ಶ್ವಾಸಕೋಶದ ಕ್ಯಾನ್ಸರ್. ವಿಕ್‌ನ ಸರಣಿಯಷ್ಟೇ ಉಳಿದಿದ್ರೆ ವಾಲ್ಟರ್ ಅನ್ನೋರು ಇದ್ರು ಅಂತಾನೇ ನಮಗೆ ಗೊತ್ತಾಗ್ತಿರಲಿಲ್ಲ.

ಕಸ ಆಯೋ ಮಾಗ್ನಾ ಹೇಳೋ ಬಸ್ಸಿನ ಮಾತು ನೆನಪಿದೆಯಾ? ಡಂಪ್‌ನಿಂದ ಮನೆಗೆ ಹೋಗೋವಾಗ ಬಸ್ಸಲ್ಲಿ ಪಕ್ಕದೋರು ಮೂಗು ಮುರೀತಾರೆ, ಅವಳು ಮುಖಕ್ಕೆ ಹೊಡೆದ ಹಾಗೆ ಕೇಳಿಬಿಡ್ತಾಳೆ, ನಾನು ನಾರ್ತೀನಾ, ಕೋಪಕಬಾನಾದಲ್ಲಿ ಮೈ ಮಾರ್ಕೊಳ್ಳೋದಕ್ಕಿಂತ ಇದು ಮೇಲು ಅನ್ನೋ ಅರ್ಥದಲ್ಲಿ. ಆ ಮಾತಿಗೆ ಲೂಸಿ ಮ್ಯೂಸಿಕ್ ಹಾಕಿ ಕಣ್ಣೀರು ತರಿಸೋಕೆ ಹೋಗಿಲ್ಲ. ಮುಖ ಇದೆ, ಮಾತಿದೆ, ಅಷ್ಟೇ. ಅಷ್ಟು ಸಲಿಗೆ ಕ್ಯಾಮೆರಾ ಮುಂದೆ ಬರಬೇಕು ಅಂದ್ರೆ ತುಂಬ ದಿನ ಅವರ ಜೊತೆ ಇರಬೇಕು. ಶೂಟಿಂಗ್ ಮೂರು ವರ್ಷದ ಹತ್ತಿರ ನಡೆದಿದೆ. ಹಾಗೇ ಇನ್ನೊಂದು ವಿಷಯ ಎಲ್ಲರೂ ಮರೀತಾರೆ, ಜುವಾಂವ್ ಜಾರ್ಡಿಮ್ ಮತ್ತೆ ಕರೆನ್ ಹಾರ್ಲಿ ಅಂತ ಇಬ್ಬರು ಬ್ರೆಜಿಲ್‌ನೋರೇ ಸಹ ನಿರ್ದೇಶಕರು. ಪೂರ್ತಿ ಕ್ರೆಡಿಟ್ಟು ಲೂಸಿಗೇ ಕೊಡೋದೂ ತಪ್ಪು, ಹೊರಗಿನವಳು ಬಂದು ಮಾಡಿದ್ಲು ಅಂತ ಬೈಯೋದೂ ಪೂರ್ತಿ ಸರಿ ಅಲ್ಲ.

ಮಾಳಮಡ್ಡಿ_ಹುಡುಗ

ನೋಡ್ರಿ ನಂಗ ಈ ಕಲಾ ಮಾರ್ಕೆಟ್ಟು ಗಿರ್ಕೆಟ್ಟು ಅಷ್ಟು ತಿಳಿಯಂಗಿಲ್ಲ, ಆದ್ರ ಪಿಚ್ಚರ್ ನೋಡೇನಿ. ನನ್ನ ತಲಿಯೊಳಗ ಉಳದಿದ್ದು ತಿಯಾಂವ್. ಸಂಘದ ಅಧ್ಯಕ್ಷ, ಹುಡುಗ ಇದ್ದಾಗಿಂದ ಕಸದಾಗ ದುಡದಾಂವ. ಕಸದಾಗ ಸಿಕ್ಕ ಪುಸ್ತಕ ಓದ್ಕೋತ ಇಟಲಿಯ ಹಳೇ ರಾಜಕೀಯ ಚಿಂತಕ ಮಕಿಯಾವೆಲ್ಲಿ ಬಗ್ಗೆ ಮಾತಾಡ್ತಾನ ಅಂದ್ರ ನಂಬಾಕ ಆಗಂಗಿಲ್ಲ. ತನ್ನ ಕಾಲದ ರಿಯೊನ ಮಕಿಯಾವೆಲ್ಲಿ ಕಾಲದ ಇಟಲಿಗೆ ಹೋಲಿಸ್ತಾನ. ಝುಂಬಿ ಅಂತ ಇನ್ನೊಬ್ಬಾಂವ ಕಸದಾಗ ಸಿಕ್ಕ ಪುಸ್ತಕಾ ಎಲ್ಲಾ ಕೂಡಿಹಾಕಿ ಓಣಿ ಮಂದಿಗೆ ಲೈಬ್ರರಿ ಮಾಡಬೇಕು ಅಂತ ಕುಂತಾನ.

ಇವರಿಗೆ ಸಂಸ್ಕೃತಿ ಅಂದ್ರ ಏನಂತ ಯಾರ್ ಬಂದು ಕಲಸಬೇಕಾಗಿತ್ತು ಹೇಳ್ರಿ? ವಿಕ್ ಮುನಿಸ್ ಬರೂಕಿಂತ ಮೊದಲ ಅವರು ಸಂಘಾ ಕಟ್ಟಿದ್ರು. ಆ ಸಂಘದ ದುಡ್ಡು ಬಂದೂಕು ತೋರಿಸಿ ಲೂಟಿ ಮಾಡ್ಕೊಂಡು ಹೋಗ್ತಾರಲ್ರಿ ಪಿಚ್ಚರ್‌ನ್ಯಾಗ, ಅವತ್ತಿನ ತಿಯಾಂವ್ ಮಾರಿ ನೋಡ್ರಿ, ಎಲ್ಲಾ ಬಿಟ್ಟು ಹೋಗಿಬಿಡ್ಲೇನು ಅನ್ನೂವಂಗ ಕುಂತಿರ್ತಾನ, ಆದ್ರೂ ಬಿಡಂಗಿಲ್ಲ. ನನಗ ಅದ ಪಿಚ್ಚರ್‌ನ ದೊಡ್ಡ ಸೀನ್. ಲಂಡನ್ ಹರಾಜು ಅಲ್ಲ.

ನೇಸರನೋಟ

@ಮಾಳಮಡ್ಡಿ_ಹುಡುಗ ಸರಿಯಾಗಿ ಹಿಡಿದ್ರಿ. ನಾನು ಹೇಳಬೇಕು ಅಂತಿದ್ದ ಮಾತು ಇದಕ್ಕೇ ಸೇರುತ್ತೆ. ಲೂಸಿ ವಾಕರ್ ಅವರ ಹಳೇ ಚಿತ್ರಗಳನ್ನ ಸಾಲಾಗಿ ನೋಡಿದ್ರೆ ಅವರು ಒಂದೇ ವಿಷಯಕ್ಕೆ ಮತ್ತೆ ಮತ್ತೆ ಬರ್ತಾರೆ. 2006ರ ‘ಬ್ಲೈಂಡ್‌ಸೈಟ್’ ತಗೊಳ್ಳಿ. ಟಿಬೆಟ್‌ನ ಆರು ಜನ ಅಂಧ ಹುಡುಗ ಹುಡುಗಿಯರನ್ನ ಎವರೆಸ್ಟ್ ಪಕ್ಕದ ಲ್ಹಾಕ್ಪಾ ರಿ ಅನ್ನೋ 7,000 ಮೀಟರ್ ಮೇಲಿನ ಶಿಖರಕ್ಕೆ ಹತ್ತಿಸೋಕೆ ಕರ್ಕೊಂಡು ಹೋಗ್ತಾರೆ. ಕರ್ಕೊಂಡು ಹೋಗೋದು ಎರಿಕ್ ವೈಹೆನ್‌ಮೇಯರ್, ಎವರೆಸ್ಟ್ ಹತ್ತಿದ ಮೊದಲ ಅಂಧ ವ್ಯಕ್ತಿ, ಒಳ್ಳೆ ಮನಸ್ಸಿನೋನೇ. ಆದ್ರೆ ದಾರಿಯಲ್ಲಿ ಜಗಳ ಶುರು ಆಗುತ್ತೆ: ಪರ್ವತಾರೋಹಿಗಳಿಗೆ ತುದಿ ಮುಟ್ಟಬೇಕು, ಮಕ್ಕಳ ಶಾಲೆ ಕಟ್ಟಿದ ಸಬ್ರಿಯೆ ಟೆನ್‌ಬರ್ಕೆನ್‌ಗೆ ಮಕ್ಕಳು ಜೊತೆಯಾಗಿ ಇರೋದು ಮುಖ್ಯ, ತುದಿ ಅಷ್ಟು ಮುಖ್ಯ ಅಲ್ಲ. ಕೊನೆಗೆ ತುದಿ ಮುಟ್ಟದೇ ವಾಪಸ್ ಬರ್ತಾರೆ. (ಆ ಸಬ್ರಿಯೆ ಆಮೇಲೆ ತಿರುವನಂತಪುರದಲ್ಲಿ ಕಾಂತಾರಿ ಅನ್ನೋ ಸಂಸ್ಥೆ ಕಟ್ಟಿದ್ರು, ಅದು ನಮಗೆ ಹತ್ತಿರದ್ದೇ.)

ಹೊರಗಿನಿಂದ ಒಬ್ಬರು ಒಳ್ಳೆ ಐಡಿಯಾ ಹಿಡ್ಕೊಂಡು ಬರ್ತಾರೆ, ಒಳಗಿನೋರು ಅದನ್ನ ಹೇಗೆ ತಗೋತಾರೆ, ಎಲ್ಲಿ ಒಪ್ತಾರೆ, ಎಲ್ಲಿ ತಿರುಗಿ ನಿಲ್ತಾರೆ. ಇದೇ ಲೂಸಿ ಅವರ ವಿಷಯ. ಅದಕ್ಕೇ ನಾನು ಹೇಳೋದು, ವೇಸ್ಟ್ ಲ್ಯಾಂಡ್‌ನ ವಿಕ್ ಮುನಿಸ್ ಜೀವನಚರಿತ್ರೆ ಥರ ನೋಡಿದ್ರೆ ಅದು ಸಾಧಾರಣ ಚಿತ್ರ. ತಿಯಾಂವ್, ಕಸ ಆಯೋ ಇಸಿಸ್, ಅಡುಗೆಯ ಇರ್ಮಾ ಇವರು ವಿಕ್‌ನ ಐಡಿಯಾನ ತಮ್ಮ ಕೆಲಸಕ್ಕೆ ಹೇಗೆ ಬಳಸ್ಕೊಂಡ್ರು ಅಂತ ನೋಡಿದ್ರೆ ಬೇರೆ ಚಿತ್ರ.

ಕುಂಚಗಿತ್ತಿ

ಆಯ್ತು, ಆದ್ರೆ ಚಿತ್ರ ಶುರು ಆಗೋದೂ ವಿಕ್‌ನಿಂದ, ಅವನ ಕಥೆಗೆ ಕೊಟ್ಟ ಜಾಗ ಎಷ್ಟು ನೋಡಿ. ಸಾವೊ ಪಾಲೊದ ಬಡ ಕುಟುಂಬ, ಜಗಳ ಬಿಡಿಸೋಕೆ ಹೋಗಿ ಕಾಲಿಗೆ ಗುಂಡು ಬಿತ್ತು, ಗುಂಡು ಹೊಡೆದ ಶ್ರೀಮಂತ ಕೇಸ್ ಬೇಡ ಅಂತ ದುಡ್ಡು ಕೊಟ್ಟ, ಆ ದುಡ್ಡಲ್ಲಿ ಅಮೆರಿಕಕ್ಕೆ ಹೋದ. ಕೇಳೋಕೆ ಚೆನ್ನಾಗಿದೆ, ಆದ್ರೆ ಅದರಿಂದ ನೋಡೋರಿಗೆ ಒಂದು ಧೈರ್ಯ ಕೊಡೋ ಕೆಲಸ ಆಗುತ್ತೆ, ಇವನೂ ಇಲ್ಲಿಯೋನೇ, ಹಾಗಾಗಿ ಇವನು ಮಾಡೋದೆಲ್ಲ ಸರಿ ಅಂತ.

ಹಾಗಂತ ಕೃತಿಗಳನ್ನ ನಾನು ತಳ್ಳಿಹಾಕಲ್ಲ, ಅದನ್ನೂ ಹೇಳಿಬಿಡ್ತೀನಿ. ಮರಾ ಚಿತ್ರದ ಆಯ್ಕೆ ನಿಜಕ್ಕೂ ಗಟ್ಟಿ. ಜಾಕ್ ಲೂಯಿ ದಾವಿದ್ 1793ರಲ್ಲಿ ಬರೆದ ಚಿತ್ರ, ಫ್ರೆಂಚ್ ಕ್ರಾಂತಿಯ ನಾಯಕ ಮರಾ ಸ್ನಾನದ ತೊಟ್ಟಿಯಲ್ಲೇ ಕೊಲೆಯಾಗಿ ಬಿದ್ದಿರೋದು, ತಲೆಗೆ ಬಟ್ಟೆ, ಒಂದು ಕೈ ಜೋತುಬಿದ್ದಿದೆ. ತಿಯಾಂವ್‌ನ ಅದೇ ಭಂಗಿಯಲ್ಲಿ, ಡಂಪ್‌ನಲ್ಲೇ, ಬಿಸಾಕಿದ ತೊಟ್ಟಿಯಲ್ಲಿ ಕೂರಿಸ್ತಾರೆ. ಸಂಘಟನೆ ಮಾಡೋ ನಾಯಕನಿಗೆ ಕೊಲೆಯಾದ ನಾಯಕನ ಭಂಗಿ. ರಿಯೊ ಅಂಚಿನ ಆ ಏರಿಯಾದಲ್ಲಿ ಸಂಘದ ಮುಖಂಡ ಆಗಿರೋದು ಅಂದ್ರೆ ಏನು ಅಂತ ಯೋಚನೆ ಮಾಡಿದ್ರೆ ಆ ಚಿತ್ರ ನೋಡೋವಾಗ ಎದೆ ಝಲ್ ಅನ್ನುತ್ತೆ. ಝುಂಬಿಗೆ ಫ್ರಾನ್ಸಿನ ಚಿತ್ರಕಾರ ಮಿಲೆ ಬರೆದ ಬೀಜ ಬಿತ್ತೋನ ಭಂಗಿ, ಇಸಿಸ್‌ಗೆ ಪಿಕಾಸೊ 1904ರಲ್ಲಿ ಬರೆದ ಇಸ್ತ್ರಿ ಮಾಡೋ ಹೆಂಗಸು. ಇವೆಲ್ಲ ಯುರೋಪಿನ ಕಲೆಯಲ್ಲಿ ದುಡಿಯೋ ಮೈಗಳು. ನನ್ನ ಪ್ರಶ್ನೆ ಇಷ್ಟೇ, ಬ್ರೆಜಿಲ್‌ನ ಜನಕ್ಕೆ ಘನತೆ ಬರಬೇಕು ಅಂದ್ರೆ ಯುರೋಪಿನ ಹಳೇ ಚಿತ್ರದ ಭಂಗಿನೇ ಹಾಕಿಸಬೇಕಾ?

ಶರಾವತಿ_ತೀರ

ಹರಾಜು ನಡೆಯೋದು ಲಂಡನ್‌ನಲ್ಲಿ, ಕೊಳ್ಳೋರು ಆ ಚಿತ್ರಗಳನ್ನ ನೋಡಿ ಬೆಳೆದೋರು. ಅವರಿಗೆ ತಕ್ಷಣ ಗುರುತು ಸಿಗುತ್ತೆ, ಗುರುತು ಸಿಕ್ಕ ಮೇಲೆ ಹತ್ತಿರ ಹೋಗಿ ನೋಡ್ತಾರೆ, ಹತ್ತಿರ ಹೋದ್ರೆ ಕಾಣೋದು ಟೈರು ಮತ್ತೆ ಬಾಟಲಿ. ವಿಕ್‌ನ ಕೆಲಸದ ರೀತಿನೇ ಅದು, 1996ರಲ್ಲಿ ಕೆರಿಬಿಯನ್ನಿನ ಸೇಂಟ್ ಕಿಟ್ಸ್ ದ್ವೀಪದ ಕಬ್ಬಿನ ಕೂಲಿಗಳ ಮಕ್ಕಳ ಮುಖಗಳನ್ನ ಸಕ್ಕರೆಯಲ್ಲೇ ಬಿಡಿಸಿದ್ದ. ದೂರದಿಂದ ಒಂದು ಮುಖ, ಹತ್ತಿರದಿಂದ ಅವರ ಬದುಕನ್ನ ತಿಂದ ವಸ್ತು. ಇಷ್ಟು ಸ್ಪಷ್ಟವಾಗಿ ಇದನ್ನ ಮಾಡಿದೋರು ಕಮ್ಮಿ.

ಒಣಕಸ_ಹಸಿಕಸ

ಬೆಂಗಳೂರಲ್ಲಿ ಒಣ ತ್ಯಾಜ್ಯ ಸಂಗ್ರಹ ಕೇಂದ್ರ ನಡೆಸೋ ತಾಯಂದಿರ ಜೊತೆ ಕೆಲಸ ಮಾಡ್ತೀನಿ, ಅದಕ್ಕೆ ಈ ಥ್ರೆಡ್ ಓದಿ ಸುಮ್ನೆ ಇರೋಕಾಗ್ತಿಲ್ಲ. ನೀವೆಲ್ಲ ಕಲೆ ಬಗ್ಗೆ ಮಾತಾಡ್ತಿದೀರಿ, ನನಗೆ ಆ ಚಿತ್ರದಲ್ಲಿ ಕಣ್ಣಿಗೆ ಬಿದ್ದಿದ್ದು ಅವರ ಕೈಗಳು. ಲಾರಿ ಕಸ ಸುರಿಯೋ ಹೊತ್ತಿಗೆ ಓಡಿಬಂದು, ಯಾವ ಪ್ಲಾಸ್ಟಿಕ್ಕು ಯಾವ ಜಾತಿ ಅಂತ ಮುಟ್ಟಿದ ತಕ್ಷಣ ಗೊತ್ತು ಮಾಡ್ಕೊಂಡು ಬೇರೆ ಮಾಡ್ತಾರೆ. ನಮ್ಮ ಅಕ್ಕಂದಿರೂ ಹಾಗೇ. ಹಾಲಿನ ಕವರು, ಪಿವಿಸಿ, ಪಿಇಟಿ, ಬಿಳಿ ಪೇಪರ್ರು, ರಟ್ಟು, ಕೈಗೆ ಬಂದ ಕೂಡಲೇ ಗೊತ್ತಾಗುತ್ತೆ, ಕಿವಿ ಹತ್ರ ಹಿಡಿದು ಚುರುಕ್ ಅನ್ನಿಸಿ ಶಬ್ದದಿಂದಲೇ ಪ್ಲಾಸ್ಟಿಕ್ ಹೇಳೋರು ಇದಾರೆ. ಈ ವಿದ್ಯೆನ ಸ್ಕ್ರೀನ್ ಮೇಲೆ ವಿದ್ಯೆ ಥರ ತೋರಿಸಿದ್ದಕ್ಕೆ ನನಗೆ ಲೂಸಿ ವಾಕರ್ ಮೇಲೆ ಗೌರವ. ಜಾರ್ಡಿಮ್ ಗ್ರಮಾಶೊದಲ್ಲಿ ದಿನಕ್ಕೆ 200 ಟನ್ ಮರುಬಳಕೆ ಸಾಮಾನು ಇವರ ಕೈಯಿಂದ ಈಚೆ ಬರ್ತಿತ್ತು ಅಂತ ಚಿತ್ರದಲ್ಲೇ ಹೇಳ್ತಾರೆ, ಅಷ್ಟು ಜಾಗ ಆ ಗುಡ್ಡದಲ್ಲಿ ಉಳೀತಿತ್ತು.

ನಮ್ಮಲ್ಲೂ 2011ರ ಸುಮಾರಿಗೆ ಲೋಕ ಅದಾಲತ್ ನಿರ್ದೇಶನದ ಮೇಲೆ ಚಿಂದಿ ಆಯೋರಿಗೆ ಬಿಬಿಎಂಪಿ ಗುರುತಿನ ಚೀಟಿ ಕೊಡೋಕೆ ಶುರು ಮಾಡ್ತು, ಚಿಂದಿ ಆಯೋರ ಜೊತೆ ಕೆಲಸ ಮಾಡೋ ಹಸಿರು ದಳ ಸಂಸ್ಥೆ ಹುಟ್ಟಿದ್ದೂ ಆ ಹೋರಾಟದ ಜೊತೆಗೇ. ಆ ಚೀಟಿ ಕೈಗೆ ಬಂದ ಮೇಲೆ ಪೊಲೀಸರು ರಾತ್ರಿ ನಿಲ್ಲಿಸಿದಾಗ ತೋರಿಸೋಕೆ ಒಂದು ಕಾಗದ ಸಿಕ್ತು. ನಾನು ಕೇಳೋದು ಇದು: ಭಾವಚಿತ್ರ ದೊಡ್ಡದಾ, ಗುರುತಿನ ಚೀಟಿ ದೊಡ್ಡದಾ? ಎರಡೂ ಮುಖದ ಫೋಟೊನೇ. ಒಂದನ್ನ ಹೊರಗಿನೋರು ಕೊಟ್ರು, ಇನ್ನೊಂದನ್ನ ಇವರು ಕೇಳಿ ಪಡೆದ್ರು.

ಸಾವೊಪಾಲೊ_ಕನ್ನಡಿಗ

ಕೆಲಸದ ಮೇಲೆ ಬ್ರೆಜಿಲ್‌ಗೆ ಬಂದು ಇಲ್ಲೇ ಇದೀನಿ. ಇಲ್ಲಿಂದ ಒಂದಿಷ್ಟು ಸೇರಿಸ್ತೀನಿ, ಯಾಕಂದ್ರೆ ಚಿತ್ರ ನೋಡಿದೋರು ಬಹಳ ಜನ ಕತಾದೋರ್‌ಗಳ ಚಳವಳಿ ವಿಕ್ ಮುನಿಸ್‌ನಿಂದ ಶುರು ಆಯ್ತು ಅನ್ಕೋತಾರೆ. ಇಲ್ಲಿ ಕತಾದೋರ್‌ಗಳ ರಾಷ್ಟ್ರೀಯ ಚಳವಳಿ 2001ರಲ್ಲೇ ಕಟ್ಟಿದ್ದು. 2002ರಲ್ಲಿ ಸರ್ಕಾರದ ಅಧಿಕೃತ ವೃತ್ತಿಗಳ ಪಟ್ಟಿಗೆ ಕತಾದೋರ್ ಅನ್ನೋ ವೃತ್ತಿ ಸೇರ್ತು. 2010ರ ಆಗಸ್ಟ್‌ನಲ್ಲಿ ದೇಶದ ಅಧ್ಯಕ್ಷ ಲೂಲಾ ಸಹಿ ಹಾಕಿದ ಘನತ್ಯಾಜ್ಯ ನೀತಿಯಲ್ಲಿ ಕತಾದೋರ್‌ಗಳ ಸಹಕಾರ ಸಂಘಗಳಿಗೆ ಜಾಗ ಇದೆ, ಬಯಲು ಡಂಪ್‌ಗಳನ್ನ ಮುಚ್ಚಬೇಕು ಅಂತಲೂ ಇದೆ. ಚಿತ್ರ ಬಂದಿದ್ದು ಇದೆಲ್ಲ ಕುದೀತಿದ್ದ ಹೊತ್ತಲ್ಲಿ. ಆದ್ರೆ ಹೆಸರಂತೂ ಬಂತು. ವಿಕ್‌ನ ಪ್ರದರ್ಶನ ರಿಯೊದ ಮಾಡರ್ನ್ ಆರ್ಟ್ ಮ್ಯೂಸಿಯಂನಲ್ಲಿ 2009ರಲ್ಲಿ ನಡೀತು, ಜನ ಮುಗಿಬಿದ್ರು. 2010ರಲ್ಲಿ ಇಲ್ಲಿನ ದೊಡ್ಡ ಟಿವಿ ಧಾರಾವಾಹಿ ‘ಪಸ್ಸಿಯೋನೆ’ಯ ಟೈಟಲ್ ಕೂಡ ವಿಕ್ ಕಸದಿಂದಲೇ ಮಾಡಿಕೊಟ್ಟ, ಹಾಗಾಗಿ ಮನೆಮನೆಗೂ ಗೊತ್ತಾಯ್ತು. ತಿಯಾಂವ್ 2011ರಲ್ಲಿ ಆಸ್ಕರ್ ಸಮಾರಂಭಕ್ಕೂ ಹೋಗಿ ಬಂದ.

ಚಿತ್ರ ಮುಗಿದ ಮೇಲಿನ ಕಥೆ ಇನ್ನೂ ಮುಖ್ಯ. 2012ರ ಜೂನ್‌ನಲ್ಲಿ, ವಿಶ್ವಸಂಸ್ಥೆಯ ರಿಯೊ ಪ್ಲಸ್ 20 ಪರಿಸರ ಸಮಾವೇಶಕ್ಕೆ ಸ್ವಲ್ಪ ಮುಂಚೆ, ಜಾರ್ಡಿಮ್ ಗ್ರಮಾಶೊ ಮುಚ್ಚಿದ್ರು. ಕಸ ಸೆರೊಪೆಡಿಕಾ ಅನ್ನೋ ಊರಿನ ಹೊಸ ಜಾಗಕ್ಕೆ ಹೋಯ್ತು. ಮುಚ್ಚೋದು ಬೇಕಿತ್ತು, ಕೊಲ್ಲಿ ದಂಡೆಯ ಮ್ಯಾಂಗ್ರೋವ್ ಕಾಡಿನ ಮೇಲೇ ಸುರಿದ ಕಸ ಅದು, ತಳಕ್ಕೆ ಏನೂ ಹಾಸಿರಲಿಲ್ಲ, ಕೊಳಕು ನೀರು ನೇರ ಗ್ವಾನಬಾರಕ್ಕೆ. ಆದ್ರೆ ಅಲ್ಲಿ ದುಡೀತಿದ್ದ ಸುಮಾರು 1,700 ಕತಾದೋರ್‌ಗಳಿಗೆ ಒಂದೇ ದಿನಕ್ಕೆ ಕೆಲಸ ಹೋಯ್ತು. ಸಂಘ ಪಟ್ಟು ಹಿಡಿದು ಮಾತುಕತೆ ಮಾಡಿ ತಲಾ ಸುಮಾರು 14,000 ರಿಯಾಯಿಸ್ (ಬ್ರೆಜಿಲ್ ದುಡ್ಡು) ಪರಿಹಾರ ಕೊಡಿಸ್ತು. ಗುಡ್ಡದೊಳಗಿನ ಗ್ಯಾಸನ್ನ ಪೈಪ್ ಹಾಕಿ ಪೆಟ್ರೊಬ್ರಾಸ್ ತೈಲ ಕಂಪನಿಯ ರಿಫೈನರಿಗೆ ಒಯ್ದರು. ಮರುಬಳಕೆ ಘಟಕ ಕಟ್ಟಿದ್ರು, ಎಲ್ಲರಿಗೂ ಅದರಲ್ಲಿ ಕೆಲಸ ಸಿಗಲಿಲ್ಲ, ಆ ಬಡಾವಣೆ ಬಡತನದಲ್ಲೇ ಉಳೀತು.

ಮಾಳಮಡ್ಡಿ_ಹುಡುಗ

@ಸಾವೊಪಾಲೊ_ಕನ್ನಡಿಗ ಅಣ್ಣಾ ಇದು ಗೊತ್ತಿರಲಿಲ್ಲ, ಛಲೋ ಮಾಡಿದ್ರಿ ಹೇಳಿ. ಅಂದ್ರ ಲಂಡನ್‌ನ್ಯಾಗ ತಿಯಾಂವ್‌ನ ಚಿತ್ರ 28,000 ಪೌಂಡಿಗೆ ಹೋತು, ಅದರ ರೊಕ್ಕ ಸಂಘಕ್ಕ ಬಂತು. ಎಲ್ಲಾ ಚಿತ್ರದ್ದು ಕೂಡಿಸಿ ಎರಡೂವರೆ ಲಕ್ಷ ಡಾಲರ್ ಮ್ಯಾಲ ಅಂತ ಓದೇನಿ. ಆದ್ರ ಪರಿಹಾರದ ರೊಕ್ಕ ಲೆಕ್ಕಾ ಹಾಕ್ರಿ, 1,700 ಮಂದಿಗೆ 14 ಸಾವಿರ ಅಂದ್ರ 2 ಕೋಟಿ 38 ಲಕ್ಷ ರಿಯಾಯಿಸ್. ಆಗಿನ ರೇಟಿನ್ಯಾಗ ಡಾಲರಿಗೆ ತಿರುಗಿಸಿದ್ರೂ ಕಲೆಯಿಂದ ಬಂದದ್ದಕ್ಕಿಂತ ಎಷ್ಟೋ ಪಟ್ಟು ಹೆಚ್ಚು. ಅದನ್ನ ತಂದಿದ್ದು ಸಂಘ.

ನೇಸರನೋಟ

ಇದನ್ನೇ ನೋಡಿ ನಾನು ಒತ್ತಿ ಹೇಳೋದು. ದುಡ್ಡಿನ ಲೆಕ್ಕದಲ್ಲಿ ಸಂಘನೇ ದೊಡ್ಡದು, ಅನುಮಾನ ಇಲ್ಲ. ಆದ್ರೆ ಚಿತ್ರ ಬಂದಿರಲಿಲ್ಲ ಅಂದಿದ್ರೆ ಮಾತುಕತೆ ಟೇಬಲ್ ಮುಂದೆ ತಿಯಾಂವ್ ಕೂತಾಗ ಎದುರಿಗಿರೋ ಅಧಿಕಾರಿಗೆ ಅವನ ಮುಖ ಗೊತ್ತಿರ್ತಿತ್ತಾ? ಆ ಡಂಪ್ ಇರೋ ಊರು ಡುಕೆ ಡಿ ಕಾಶಿಯಸ್‌ನ ಸಿಟಿ ಹಾಲ್ ಮುಂದೆ ಮೊದಲು ಮೆರವಣಿಗೆ ಮಾಡಿದ ಜನ ಇವರು, ಆಗ ಇವರನ್ನ ಕೇಳೋರು ಯಾರು ಇದ್ರು. ಇಡೀ ದೇಶ ಟಿವಿಯಲ್ಲಿ ನೋಡಿದ ಮನುಷ್ಯನನ್ನ ಬಾಗಿಲ ಹೊರಗೆ ನಿಲ್ಲಿಸೋದು ಕಷ್ಟ.

@ಒಣಕಸ_ಹಸಿಕಸ ನಿಮ್ಮ ಪ್ರಶ್ನೆಗೆ, ನನ್ನ ಉತ್ತರ ಗುರುತಿನ ಚೀಟಿನೇ ದೊಡ್ಡದು. ಆದ್ರೆ ಇಸಿಸ್ ಚಿತ್ರ ಮಾಡೋವಾಗ ಹೇಳಿದ್ದು ಮರೆಯೋಕಾಗಲ್ಲ, ನಾನು ವಾಪಸ್ ಡಂಪ್‌ಗೆ ಹೋಗಲ್ಲ ಅಂತಾಳೆ, ಕಣ್ಣಲ್ಲಿ ನೀರು. ಅದೇ ವಿಕ್‌ನ ಹೆಂಡತಿ ಹೆದರಿದ್ದ ವಿಷಯ. ಹೆದರಿಕೆ ನಿಜ ಆಯ್ತು. ಆದ್ರೆ ಅದು ಬರೀ ಕೆಟ್ಟದ್ದಾ? ಇಸಿಸ್ ತನ್ನ ಬಾಯಿಂದ ತನಗೆ ಈ ಕೆಲಸ ಬೇಡ ಅಂತ ಹೇಳಿದ್ಲು. ಇನ್ನೊಂದು ಕಡೆ ಅಡುಗೆ ಮಾಡೋ ಇರ್ಮಾ, ಡಂಪ್‌ನಲ್ಲೇ ದೊಡ್ಡ ಪಾತ್ರೆಯಲ್ಲಿ ಎಲ್ಲರಿಗೂ ಬೇಯಿಸಿ ಹಾಕ್ತಿದ್ದೋಳು, ಹೊರಗೆ ವ್ಯಾಪಾರ ಶುರು ಮಾಡಿ ಆಮೇಲೆ ಜೊತೆಗಾರರು ಬೇಕು ಅನಿಸಿ ವಾಪಸ್ ಅಲ್ಲಿಗೇ ಹೋದ್ಲು ಅಂತ ಚಿತ್ರದ ಕೊನೆಯಲ್ಲಿ ಬರುತ್ತೆ. ಒಬ್ಬಳು ಬಿಟ್ಲು, ಒಬ್ಬಳು ಮರಳಿದ್ಲು. ಲೂಸಿ ಎರಡನ್ನೂ ಇಟ್ಟಿದಾರೆ, ಒಂದನ್ನ ಗೆಲುವು ಇನ್ನೊಂದನ್ನ ಸೋಲು ಅಂತ ಬಣ್ಣ ಹಚ್ಚಿಲ್ಲ.

ಕುಂಚಗಿತ್ತಿ

ಇಸಿಸ್ ವಿಷಯದಲ್ಲಿ ನಿಮ್ಮ ಜೊತೆ ಇದೀನಿ. ಸಹಿ ವಿಷಯದಲ್ಲಿ ಇಲ್ಲ. ಈಗಲೂ ಹೇಳ್ತೀನಿ, ಆ ಫೋಟೊಗಳ ಕೆಳಗೆ ಜೋಡಿಸಿದೋರ ಹೆಸರು ಒಂದೊಂದಾಗಿ ಇರಬೇಕಿತ್ತು. ತಿಯಾಂವ್ ಹೆಸರು ಶೀರ್ಷಿಕೆಯಲ್ಲಿ ಇದೆ, ಕೃತಿಯ ವಿಷಯವಾಗಿ. ಕೃತಿ ಮಾಡಿದೋನಾಗಿ ಇಲ್ಲ.

ಇನ್ನೊಂದು ಮಾತು, ಇಲ್ಲಿ ಯಾರೂ ಹೇಳಲಿಲ್ಲ. ಎಲ್ಲರ ಮನೆಗೂ ಅವರವರ ಭಾವಚಿತ್ರದ ಪ್ರಿಂಟು ಒಯ್ದು ಕೊಡ್ತಾರಲ್ಲ, ಆ ಭಾಗ ನನಗೆ ಮ್ಯೂಸಿಯಂ ಸೀನ್‌ಗಿಂತ ಇಷ್ಟ. ತಗಡಿನ ಗೋಡೆ, ಪಕ್ಕದಲ್ಲಿ ಸ್ಟೌವ್, ಅದರ ಮೇಲೆ ಆ ದೊಡ್ಡ ಫ್ರೇಮ್. ಅಲ್ಲಿ ಕೊಳ್ಳೋರು ಯಾರೂ ಇಲ್ಲ, ವಿಮರ್ಶಕರೂ ಇಲ್ಲ. ಮನೆ ಮಕ್ಕಳು ಅಮ್ಮನ ಚಿತ್ರದಲ್ಲಿ ಯಾವುದು ಬಾಟಲಿ ಯಾವುದು ಚಪ್ಪಲಿ ಅಂತ ಹುಡುಕಬಹುದು ಅಷ್ಟೇ.

ಗುಬ್ಬಚ್ಚಿ22

ಎಲ್ಲರಿಗೂ ನಮಸ್ಕಾರ, ನಾನು ಚಿತ್ರ ನೋಡಿಲ್ಲ, ಥ್ರೆಡ್ ಪೂರ್ತಿ ಓದಿದೆ, ಈಗ ನೋಡ್ಲೇಬೇಕು ಅನಿಸ್ತಿದೆ. ನಮ್ಮ ಕಾಲೇಜು ಫಿಲ್ಮ್ ಕ್ಲಬ್‌ನಲ್ಲಿ ಹಾಕೋಣ ಅಂತಿದೀವಿ. ಒಂದೇ ಚಿತ್ರ ಹಾಕಿ ಚರ್ಚೆ ಮಾಡಿದ್ರೆ ಎಲ್ಲ ವಿಕ್ ಮುನಿಸ್ ಸರಿನಾ ತಪ್ಪಾ ಅನ್ನೋದ್ರಲ್ಲೇ ಮುಗಿಯುತ್ತೆ ಅನ್ಸುತ್ತೆ. ಜೊತೆಗೆ ಇನ್ನೇನು ತೋರಿಸಬಹುದು?

ಶರಾವತಿ_ತೀರ

@ಗುಬ್ಬಚ್ಚಿ22 ಬ್ರೆಜಿಲ್‌ನೋರೇ ಮಾಡಿರೋದು ಮೂರು ಇದೆ, ಮೂರೂ ಸಿಕ್ರೆ ಬಿಡಬೇಡಿ. ಒಂದು ಜಾರ್ಜೆ ಫುರ್ತಾದೊ ಅವರ ‘ಇಲ್ಯಾ ದಾಸ್ ಫ್ಲೋರೆಸ್’, 1989ರದ್ದು, ಹದಿಮೂರು ನಿಮಿಷ ಇರಬಹುದು, ಒಂದು ಟೊಮೆಟೊ ಹಿಂದೆ ಹೋಗ್ತಾ ಹೋಗ್ತಾ ಪೋರ್ಟೊ ಅಲೆಗ್ರೆ ಊರಿನ ಕಸದ ಜಾಗಕ್ಕೆ ಕರ್ಕೊಂಡು ಹೋಗುತ್ತೆ, ಕೊನೆಗೆ ಉಸಿರು ಕಟ್ಟುತ್ತೆ. ಎರಡನೇದು ಮಾರ್ಕೋಸ್ ಪ್ರಾದೊ ಅವರ ‘ಎಸ್ತಮಿರಾ’, ಇದೇ ಜಾರ್ಡಿಮ್ ಗ್ರಮಾಶೊದ್ದು, ವೇಸ್ಟ್ ಲ್ಯಾಂಡ್‌ಗಿಂತ ಕೆಲವು ವರ್ಷ ಮುಂಚೆ ಬಂದಿದ್ದು. ಸ್ಕಿಜೋಫ್ರೇನಿಯಾ ಇದ್ದ ಒಬ್ಬ ಹೆಂಗಸು, ದೇವರ ಬಗ್ಗೆ ಸಮಾಜದ ಬಗ್ಗೆ ಅವಳು ಆಡೋ ಮಾತು ಕೇಳ್ತಾ ಕೂತ್ರೆ ಎದ್ದೇಳೋಕಾಗಲ್ಲ. ಅಲ್ಲಿ ಕಲಾವಿದ ಯಾರೂ ಬರಲ್ಲ, ಸಹಾಯ ಯಾರೂ ಮಾಡಲ್ಲ. ಮೂರನೇದು ಎದುವಾರ್ದೊ ಕೂತಿನ್ಯೊ ಅವರ ‘ಬೋಕಾ ದೆ ಲಿಶೊ’, 1993ರ ಹೊತ್ತಿನದು, ರಿಯೊ ಹತ್ತಿರದ ಸಾವೊ ಗೊನ್ಸಾಲೊ ಡಂಪ್‌ನಲ್ಲಿ ತೆಗೆದಿದ್ದು.

ಒಣಕಸ_ಹಸಿಕಸ

ಇದಕ್ಕೆ ಇನ್ನೊಂದು ಸೇರಿಸಿ, ಸಿನಿಮಾ ಅಲ್ಲ ಆದ್ರೂ ಹೇಳ್ತೀನಿ. 2008ರಲ್ಲಿ ಕೊಲಂಬಿಯಾದ ಬೊಗೊಟಾದಲ್ಲಿ ಕಸ ಆಯೋರ ಮೊದಲ ಜಾಗತಿಕ ಸಮ್ಮೇಳನ ನಡೀತು, ಬ್ರೆಜಿಲ್ ಕತಾದೋರ್‌ಗಳು ಇದ್ರು, ನಮ್ಮ ದೇಶದಿಂದಲೂ ಹೋಗಿದ್ರು. ವೇಸ್ಟ್ ಲ್ಯಾಂಡ್ ಶೂಟಿಂಗ್ ನಡೀತಿದ್ದ ಹೊತ್ತದು. ಒಂದು ಕಡೆ ಬ್ರೂಕ್ಲಿನ್‌ನಿಂದ ರಿಯೊಗೆ ಬಂದ ಕಲಾವಿದ, ಇನ್ನೊಂದು ಕಡೆ ಬೇರೆ ಬೇರೆ ಭಾಷೆಯ ಕಸ ಆಯೋರೇ ಒಬ್ಬರಿಗೊಬ್ಬರು ರೇಟು, ಸಂಘ, ಗಾಡಿ, ಕೈಗವಸಿನ ಬಗ್ಗೆ ಕೂತು ಮಾತಾಡಿದ್ದು. ಸಾಂಸ್ಕೃತಿಕ ವಿನಿಮಯ ಅಂತ ಫಿಲ್ಮ್ ಕ್ಲಬ್‌ನಲ್ಲಿ ಮಾತು ಬಂದ್ರೆ ದಯವಿಟ್ಟು ಇದನ್ನೂ ಹೇಳಿ. ಸಾಧ್ಯ ಆದ್ರೆ ನಿಮ್ಮೂರಲ್ಲಿ ಒಣ ಕಸ ವಿಂಗಡಿಸೋ ಒಬ್ಬರನ್ನ ಕರೆಸಿ ಚಿತ್ರ ಆದ್ಮೇಲೆ ಮೊದಲು ಅವರಿಂದಲೇ ಮಾತಾಡ್ಸಿ. ಬರೋದಕ್ಕೆ ಆ ದಿನದ ಕೂಲಿ ಕೊಡಿ.

ನೇಸರನೋಟ

@ಗುಬ್ಬಚ್ಚಿ22 ಸಮಯ ಇಲ್ಲ ಅಂದ್ರೆ ಎರಡೇ ಹಾಕಿ, ಕೂತಿನ್ಯೊ ಚಿತ್ರ ಮೊದಲು, ಲೂಸಿದು ಆಮೇಲೆ. ಕೂತಿನ್ಯೊ ಚಿತ್ರ ಒಂದು ಗಂಟೆಗಿಂತ ಕಮ್ಮಿನೇ, ಸಮಯ ಹೊಂದುತ್ತೆ. ಅದರ ಶುರುವಿನಲ್ಲೇ ಡಂಪ್‌ನ ಜನ ಕ್ಯಾಮೆರಾ ಕಂಡ ತಕ್ಷಣ ಮುಖ ಮುಚ್ಕೋತಾರೆ, ಬಟ್ಟೆ ಸುತ್ಕೋತಾರೆ, ಇದನ್ನ ನಮ್ಮ ಮುಖಕ್ಕೆ ಹಿಡಿದು ನಿಮಗೇನು ಸಿಗುತ್ತೆ ಅಂತ ಒಬ್ಬ ಹುಡುಗ ನೇರವಾಗಿ ಕೇಳ್ತಾನೆ. ಆಮೇಲೆ ಕೂತಿನ್ಯೊ ಅವರದೇ ಮುಖಗಳ ಫೋಟೊ ಪ್ರಿಂಟ್ ಹಾಕಿಸ್ಕೊಂಡು ಬಂದು ತೋರಿಸ್ತಾರೆ, ಇದು ಯಾರು ಅದು ಯಾರು ಅಂತ ಮಾತು ಶುರು ಆಗುತ್ತೆ, ನಿಧಾನಕ್ಕೆ ಮನೆಗೂ ಕರೀತಾರೆ. ಆ ಹುಡುಗನ ಪ್ರಶ್ನೆ ಕಿವಿಯಲ್ಲಿ ಇಟ್ಕೊಂಡು ವೇಸ್ಟ್ ಲ್ಯಾಂಡ್ ನೋಡಿದ್ರೆ ತಿಯಾಂವ್‌ನ ತೊಟ್ಟಿ, ಲಂಡನ್ ಹರಾಜು, @ಕುಂಚಗಿತ್ತಿ ಎತ್ತಿದ ಸಹಿ ವಿಷಯ ಎಲ್ಲವನ್ನೂ ಪ್ರೇಕ್ಷಕರೇ ಎತ್ಕೋತಾರೆ, ನೀವು ಕೇಳಬೇಕಾಗಿಲ್ಲ. ಸಬ್‌ಟೈಟಲ್ ಮೊದಲೇ ಚೆಕ್ ಮಾಡ್ಕೊಳ್ಳಿ, ಕನ್ನಡದಲ್ಲಿ ಸಿಗಲ್ಲ, ಯಾರಾದ್ರೂ ಒಬ್ಬರು ಮುಖ್ಯ ಮಾತುಗಳನ್ನ ಮೊದಲೇ ಕನ್ನಡದಲ್ಲಿ ಬರೆದು ಒಂದು ಹಾಳೆ ಹಂಚಿದ್ರೆ ಒಳ್ಳೇದು. ಬೇಕು ಅಂದ್ರೆ ವಾಲ್ಟರ್ ಮತ್ತೆ ಮಾಗ್ನಾ ಮಾತುಗಳನ್ನ ನಾನು ಬರೆದು ಕಳಿಸ್ತೀನಿ.